ಫೋನ್ ಕಿತ್ತುಕೊಂಡ ಮೇಲೆ ಮಕ್ಕಳು ಹೋಗುವುದು ಎಲ್ಲಿಗೆ?

ನ್ಯೂಯಾರ್ಕ್ ರಾಜ್ಯದ ಸರ್ಕಾರಿ ಶಾಲೆಗಳಲ್ಲಿ 2025ರ ಸೆಪ್ಟೆಂಬರ್‌ನಿಂದ ಹೊಸ ನಿಯಮ ಬಂದಿದೆ. ಬೆಳಗಿನ ಮೊದಲ ಬೆಲ್ ಹೊಡೆದಾಗಿನಿಂದ ಕೊನೆಯ ಬೆಲ್ ಹೊಡೆಯುವವರೆಗೆ ಮಕ್ಕಳು ಸ್ಮಾರ್ಟ್‌ಫೋನ್ ಬಳಸುವಂತಿಲ್ಲ. ಪಾಠದ ಹೊತ್ತಲ್ಲಿ ಮಾತ್ರ ಅಲ್ಲ, ಊಟದ ಬಿಡುವಿನಲ್ಲೂ ಇಲ್ಲ. ಎರಡು ವರ್ಷ ಮೊದಲು, 2023ರಲ್ಲಿ, ಫ್ಲೋರಿಡಾ ಪಾಠದ ಹೊತ್ತಿಗೆ ಇಂಥದ್ದೇ ಕಾನೂನು ತಂದಿತ್ತು. ಆಮೇಲೆ ಕ್ಯಾಲಿಫೋರ್ನಿಯಾ ಬಂತು. ಈಗ ಅರ್ಧಕ್ಕಿಂತ ಜಾಸ್ತಿ ರಾಜ್ಯಗಳಲ್ಲಿ ಶಾಲೆಯ ಫೋನಿಗೆ ಒಂದಲ್ಲ ಒಂದು ಬಗೆಯ ಕಡಿವಾಣ ಇದೆ. ಫ್ಲೋರಿಡಾದಲ್ಲಿ ಆಳುವುದು ರಿಪಬ್ಲಿಕನ್ನರು, ನ್ಯೂಯಾರ್ಕಿನಲ್ಲಿ ಡೆಮಾಕ್ರಟರು. ಯಾವುದಕ್ಕೂ ಒಂದಾಗದ ಎರಡು ಪಕ್ಷಗಳು ಇದೊಂದು ವಿಷಯದಲ್ಲಿ ಒಂದಾಗಿವೆ.

ಈ ನಿಯಮದ ಬಗ್ಗೆ ನನಗೆ ತಕರಾರಿಲ್ಲ. ಇನ್ನೂ ಮೊದಲೇ ಬರಬೇಕಿತ್ತು. ಆದರೆ ಚರ್ಚೆ ಸಾಗುತ್ತಿರುವ ರೀತಿ ನೋಡಿದರೆ ಒಂದು ಚಿಂತೆ ಕಾಡುತ್ತದೆ. 2010ರಿಂದ 2019ರವರೆಗಿನ ಹತ್ತು ವರ್ಷಗಳಲ್ಲಿ ಅಮೆರಿಕದ ಜನರ ದಿನಚರಿಯೇ ಬದಲಾಯಿತು. ಆ ಬದಲಾವಣೆಯ ಪೂರ್ತಿ ಹೊಣೆಯನ್ನು ಈಗ ಫೋನಿನ ತಲೆಗೆ ಕಟ್ಟುತ್ತಿದ್ದಾರೆ. ಫೋನ್ ಕೈಗೆ ಬಂದ ಅದೇ ವರ್ಷಗಳಲ್ಲಿ, ಜನ ಕೆಲಸವಿಲ್ಲದಿದ್ದರೂ ಹೋಗಿ ಸುಮ್ನೆ ಕೂರುತ್ತಿದ್ದ ಜಾಗಗಳು ಒಂದೊಂದಾಗಿ ಬಾಗಿಲು ಹಾಕಿದವು. ಆ ಕಥೆ ಬಿಟ್ಟು ಫೋನಿನ ಕಥೆಯನ್ನಷ್ಟೇ ಹೇಳಿದರೆ ಅರ್ಧ ಹೇಳಿದ ಹಾಗೆ.

ಮೊದಲು ಫೋನಿನ ವಿಷಯವನ್ನೇ ನೋಡೋಣ, ಯಾಕೆಂದರೆ ಅದರ ವೇಗ ನಿಜಕ್ಕೂ ದಿಗಿಲು ಹುಟ್ಟಿಸುವಂಥದ್ದು. ಪ್ಯೂ ಸಂಶೋಧನಾ ಸಂಸ್ಥೆಯ ಸಮೀಕ್ಷೆ ಪ್ರಕಾರ 2011ರಲ್ಲಿ ಅಮೆರಿಕದ ವಯಸ್ಕರಲ್ಲಿ ಶೇ 35 ಮಂದಿಯ ಹತ್ತಿರ ಸ್ಮಾರ್ಟ್‌ಫೋನ್ ಇತ್ತು. 2019ರಲ್ಲಿ ಶೇ 81. ಹದಿಹರೆಯದವರಲ್ಲಿ 2018ರ ಹೊತ್ತಿಗೆ ಶೇ 95 ಮಂದಿಗೆ ಸ್ಮಾರ್ಟ್‌ಫೋನ್ ಸಿಗುತ್ತಿತ್ತು. 'ಹೆಚ್ಚುಕಮ್ಮಿ ಇಡೀ ದಿನ ಆನ್‌ಲೈನ್ ಇರುತ್ತೇನೆ' ಎಂದವರು ಶೇ 45. ಇನ್‌ಸ್ಟಾಗ್ರಾಂ ಬಂದದ್ದು 2010ರ ಅಕ್ಟೋಬರ್‌ನಲ್ಲಿ, ಸ್ನ್ಯಾಪ್‌ಚಾಟ್ 2011ರಲ್ಲಿ, ಟಿಂಡರ್ 2012ರಲ್ಲಿ. ಇವತ್ತು ಹಳೆಯದೆನಿಸುವ ಎಷ್ಟೋ ಅಭ್ಯಾಸಗಳ ವಯಸ್ಸು ಹದಿನೈದು ವರ್ಷ ಅಷ್ಟೇ.

ಇದರ ಜೊತೆಗೇ ಮನೆಯ ಲ್ಯಾಂಡ್‌ಲೈನ್ ಹೋಯಿತು. 2016ರ ಕೊನೆಯ ಹೊತ್ತಿಗೆ ಅಮೆರಿಕದ ಅರ್ಧಕ್ಕಿಂತ ಹೆಚ್ಚು ಮನೆಗಳಲ್ಲಿ ಮೊಬೈಲ್ ಮಾತ್ರ ಉಳಿದಿತ್ತು. ಇದೇನು ದೊಡ್ಡ ವಿಷಯ ಅನ್ನಿಸಬಹುದು. ಆದರೆ ಅಡುಗೆಮನೆ ಗೋಡೆಯ ಮೇಲಿನ ಆ ಫೋನ್ ಇಡೀ ಮನೆಗೆ ಸೇರಿದ್ದಾಗಿತ್ತು. ಹುಡುಗನೊಬ್ಬ ಗೆಳತಿಗೆ ಫೋನ್ ಮಾಡಿದರೆ ಅವಳಪ್ಪ ಎತ್ತಬಹುದಿತ್ತು. ಆಗ ಗಂಟಲು ಸರಿಮಾಡಿಕೊಂಡು, ಹೆಸರು ಹೇಳಿ, ಅವರು ಕೇಳಿದ ಎರಡು ಪ್ರಶ್ನೆಗೆ ಉತ್ತರ ಕೊಟ್ಟು, ಕಾಯಬೇಕಿತ್ತು. ಗೆಳೆಯರ ಅಪ್ಪ ಅಮ್ಮನ ಜೊತೆ, ಅಣ್ಣ ತಂಗಿಯ ಜೊತೆ ಮಾತಾಡುವ ಪಾಠ ಅಲ್ಲೇ ಆಗುತ್ತಿತ್ತು. ಅದನ್ನು ಯಾರೂ ಪಾಠ ಅಂದುಕೊಂಡಿರಲಿಲ್ಲ. ಆದ್ದರಿಂದಲೇ ಅದು ಹೋದದ್ದೂ ಯಾರಿಗೂ ಗೊತ್ತಾಗಲಿಲ್ಲ.

ಈಗ ಜಾಗಗಳ ವಿಷಯ. ಬ್ಲಾಕ್‌ಬಸ್ಟರ್ ಎಂಬ ವಿಡಿಯೊ ಬಾಡಿಗೆ ಅಂಗಡಿಗಳ ಸರಪಳಿ 2004ರಲ್ಲಿ ಒಂಬತ್ತು ಸಾವಿರಕ್ಕೂ ಹೆಚ್ಚು ಅಂಗಡಿ ನಡೆಸುತ್ತಿತ್ತು. 2010ರ ಸೆಪ್ಟೆಂಬರ್‌ನಲ್ಲಿ ದಿವಾಳಿ ಎಂದು ಕೋರ್ಟಿಗೆ ಹೋಯಿತು. 2019ರ ವಸಂತದ ಹೊತ್ತಿಗೆ ಇಡೀ ಜಗತ್ತಿನಲ್ಲಿ ಉಳಿದದ್ದು ಒಂದೇ ಅಂಗಡಿ, ಆರೆಗಾನ್ ರಾಜ್ಯದ ಬೆಂಡ್ ಎಂಬ ಊರಲ್ಲಿ. ಬಾರ್ಡರ್ಸ್ ಪುಸ್ತಕದಂಗಡಿಗಳು 2011ರಲ್ಲಿ ಮುಚ್ಚಿದವು. ಅಲ್ಲಿ ಪುಸ್ತಕ ಕೊಳ್ಳದಿದ್ದರೂ ಗಂಟೆಗಟ್ಟಲೆ ಕೂತು ಓದಬಹುದಿತ್ತು. ಶುಕ್ರವಾರ ಸಂಜೆ ಯಾವ ಸಿನಿಮಾ ತರೋಣ ಎಂದು ಅಂಗಡಿಯಲ್ಲಿ ಜಗಳವಾಡುವುದು, ಕೌಂಟರಿನ ಹುಡುಗ 'ಅದು ಚೆನ್ನಾಗಿಲ್ಲ, ಇದು ತಗೊಳ್ಳಿ' ಅನ್ನುವುದು, ಪಕ್ಕದ ಬೀದಿಯವರು ಸಿಕ್ಕಿ ನಾಲ್ಕು ಮಾತಾಡುವುದು, ಇವೆಲ್ಲ ಸಿನಿಮಾದಷ್ಟೇ ಸಂಜೆಯ ಭಾಗವಾಗಿದ್ದವು. ನೆಟ್‌ಫ್ಲಿಕ್ಸ್ ಸಿನಿಮಾ ಉಳಿಸಿತು, ಉಳಿದದ್ದನ್ನು ಬಿಟ್ಟಿತು.

ಮಾಲ್‌ಗಳ ಕಥೆ ಇನ್ನೂ ಉದ್ದ. ನಮ್ಮಲ್ಲಿ ಮಾಲ್ ಎಂದರೆ ದುಡ್ಡಿರುವವರ ಜಾಗ ಎಂಬ ಭಾವನೆ ಇದೆ. ಅಮೆರಿಕದ ಉಪನಗರಗಳಲ್ಲಿ ಅದೇ ಊರ ಚಾವಡಿಯಾಗಿತ್ತು. ಪೂರ್ತಿ ಮುಚ್ಚಿದ, ಒಳಗೆ ಒಂದೇ ಹದದ ಹವೆ ಇರುವ ಮೊದಲ ಮಾಲ್ ಎಂದು ಹೆಸರಾದದ್ದು ಮಿನೆಸೋಟಾದ ಈಡೈನಾದಲ್ಲಿ 1956ರಲ್ಲಿ ತೆರೆದ ಸೌತ್‌ಡೇಲ್. ಅದನ್ನು ರೂಪಿಸಿದ ವಿಕ್ಟರ್ ಗ್ರೂಯೆನ್ ವಿಯೆನ್ನಾದಿಂದ ಬಂದವರು. ತಮ್ಮ ಊರಿನಂತೆ ಜನ ನಡೆದು ಬಂದು, ಕೂತು, ಹರಟುವ ಕೇಂದ್ರವನ್ನು ಉಪನಗರಕ್ಕೆ ಕೊಡಬೇಕು ಎಂಬುದು ಅವರ ಆಸೆ. ಸುತ್ತ ಮನೆ, ಶಾಲೆ, ಆಸ್ಪತ್ರೆ ಬರಬೇಕಿತ್ತು. ಬಂದದ್ದು ಬರೀ ಪಾರ್ಕಿಂಗ್. ಕೊನೆಗೆ ಗ್ರೂಯೆನ್ ಅವರೇ ಮಾಲ್‌ಗಳ ಹುಟ್ಟಿಗೆ ತಾನು ಕಾರಣ ಎನ್ನುವ ಮಾತನ್ನು ಒಪ್ಪಲಿಲ್ಲ. ಆದರೂ ಮೂರು ನಾಲ್ಕು ದಶಕ ಅಮೆರಿಕದ ಹದಿಹರೆಯದವರಿಗೆ ಅಪ್ಪ ಅಮ್ಮನ ಕಣ್ಣಿಗೆ ಬೀಳದೆ, ಕೈಯಲ್ಲಿ ಐದು ಡಾಲರ್ ಇಟ್ಟುಕೊಂಡು ಇಡೀ ಮಧ್ಯಾಹ್ನ ಕಳೆಯಲು ಸಿಕ್ಕ ಜಾಗ ಅದೊಂದೇ.

2010ರ ದಶಕದಲ್ಲಿ ಅವು ಖಾಲಿಯಾಗತೊಡಗಿದವು. ಅಮೆಜಾನ್ ಕೊಂದಿತು ಎಂದು ಎಲ್ಲರೂ ಹೇಳುತ್ತಾರೆ. ಅದರಲ್ಲಿ ನಿಜವೂ ಇದೆ. ಆದರೆ ಟಾಯ್ಸ್ ಆರ್ ಅಸ್ ಎಂಬ ಆಟಿಕೆ ಅಂಗಡಿಗಳಿಗೆ ಏನಾಯಿತು ಎಂದು ಸ್ವಲ್ಪ ಹತ್ತಿರದಿಂದ ನೋಡಿ. 2005ರಲ್ಲಿ ಮೂರು ಹೂಡಿಕೆ ಕಂಪನಿಗಳು ಸೇರಿ ಅದನ್ನು ಸುಮಾರು 660 ಕೋಟಿ ಡಾಲರಿಗೆ ಕೊಂಡವು. ಬಹುಪಾಲು ದುಡ್ಡು ಸಾಲ. ಆ ಸಾಲ ಕೊಂಡವರ ತಲೆಯ ಮೇಲೆ ಬರಲಿಲ್ಲ, ಕೊಂಡ ಅಂಗಡಿಯ ತಲೆಯ ಮೇಲೇ ಕೂತಿತು. ಆಮೇಲಿನ ವರ್ಷಗಳಲ್ಲಿ ವರ್ಷಕ್ಕೆ 40 ಕೋಟಿ ಡಾಲರಿನಷ್ಟು ಬಡ್ಡಿಗೇ ಹೋಗುತ್ತಿತ್ತು. ಅಂಗಡಿಗೆ ಸುಣ್ಣಬಣ್ಣ ಬಳಿಯಲು, ಆನ್‌ಲೈನ್ ವ್ಯಾಪಾರ ಸರಿಪಡಿಸಲು ಉಳಿದದ್ದು ಕಮ್ಮಿ. 2017ರಲ್ಲಿ ದಿವಾಳಿ, 2018ರ ಜೂನ್‌ಗೆ ಅಮೆರಿಕದ ಎಲ್ಲ ಅಂಗಡಿಗಳೂ ಬಂದ್. 30,000ಕ್ಕೂ ಹೆಚ್ಚು ಜನ ಕೆಲಸ ಕಳೆದುಕೊಂಡರು. ಅಂಗಡಿಗಳು ಸತ್ತದ್ದು ಬರೀ ಫೋನಿನಿಂದ ಅನ್ನುವವರು ಈ ಬಡ್ಡಿಯ ಲೆಕ್ಕವನ್ನೂ ಪಕ್ಕದಲ್ಲಿ ಇಟ್ಟುಕೊಳ್ಳಬೇಕು. ಅದೇ ವರ್ಷ ಅಕ್ಟೋಬರ್‌ನಲ್ಲಿ ಸಿಯರ್ಸ್ ಎಂಬ ದೊಡ್ಡ ಅಂಗಡಿಗಳ ಸರಪಳಿ ಕೂಡ ದಿವಾಳಿಯಾಯಿತು. ಮಾಲ್‌ನ ಒಂದು ತುದಿಯಲ್ಲಿ ದೊಡ್ಡ ಅಂಗಡಿಯೊಂದು ಮುಚ್ಚಿದರೆ, ಅದನ್ನು ನಂಬಿಕೊಂಡಿದ್ದ ಸಣ್ಣ ಅಂಗಡಿಗಳೂ ಒಂದರ ಹಿಂದೆ ಒಂದು ಹೋಗುತ್ತವೆ.

ಉಳಿದ ಮಾಲ್‌ಗಳಾದರೂ ಮಕ್ಕಳನ್ನು ಬಾ ಎಂದವೇ? ಅದೂ ಇಲ್ಲ. ಮಿನೆಸೋಟಾದ ಮಾಲ್ ಆಫ್ ಅಮೆರಿಕ 1996ರಲ್ಲೇ ವಾರಾಂತ್ಯದ ಸಂಜೆ 16 ವರ್ಷದೊಳಗಿನವರು ದೊಡ್ಡವರ ಜೊತೆಗೇ ಬರಬೇಕು ಎಂಬ ನಿಯಮ ತಂದಿತ್ತು. ಆಮೇಲೆ ಅದು ಹಲವು ಕಡೆ ಹರಡಿತು. ನ್ಯೂಜೆರ್ಸಿಯ ಗಾರ್ಡನ್ ಸ್ಟೇಟ್ ಪ್ಲಾಜಾ 2023ರಿಂದ ಶುಕ್ರವಾರ, ಶನಿವಾರ ಸಂಜೆ ಐದರ ಮೇಲೆ ಒಂಟಿಯಾಗಿ ಬರುವ ಎಳೆಯರನ್ನು ಒಳಗೆ ಬಿಡುವುದಿಲ್ಲ. ಹೊಡೆದಾಟ, ಗಲಾಟೆ ಆಗುತ್ತದೆ ಎಂಬುದು ಅವರ ಕಾರಣ. ಕೆಲವು ಕಡೆ ಗಲಾಟೆ ಆಗಿದ್ದೂ ನಿಜ. ಆದರೆ ಮಾಲ್ ಖಾಸಗಿ ಆಸ್ತಿ. ಊರ ಚಾವಡಿಯ ಬಾಗಿಲ ಚಿಲಕ ಒಬ್ಬ ಯಜಮಾನನ ಕೈಯಲ್ಲಿದ್ದರೆ ಆಗುವುದೇ ಹೀಗೆ.

ಹಾಗಾದರೆ ಹೊರಗೆ ಬೀದಿಯಲ್ಲಿ? 2014ರ ಡಿಸೆಂಬರ್‌ನಲ್ಲಿ ಮೇರಿಲ್ಯಾಂಡಿನ ಸಿಲ್ವರ್ ಸ್ಪ್ರಿಂಗ್‌ನಲ್ಲಿ ಹತ್ತು ವರ್ಷದ ಅಣ್ಣ, ಆರು ವರ್ಷದ ತಂಗಿ ಪಾರ್ಕಿನಿಂದ ಸುಮಾರು ಒಂದು ಮೈಲಿ ದೂರದ ಮನೆಗೆ ನಡೆದು ಬರುತ್ತಿದ್ದರು. ಅಪ್ಪ ಅಮ್ಮನೇ ಕಳಿಸಿದ್ದು. ಯಾರೋ ನೋಡಿ ಪೊಲೀಸರಿಗೆ ಫೋನ್ ಮಾಡಿದರು. ಪೊಲೀಸರು ಮಕ್ಕಳನ್ನು ಕಾರಿನಲ್ಲಿ ಮನೆಗೆ ಕರೆತಂದರು. ಅಪ್ಪ ಅಮ್ಮನ ಮೇಲೆ ಮಕ್ಕಳ ರಕ್ಷಣಾ ಇಲಾಖೆ ವಿಚಾರಣೆ ಶುರು ಮಾಡಿತು. ದೇಶವೆಲ್ಲ ಈ ವಿಷಯ ಚರ್ಚೆಯಾಯಿತು. 2018ರಲ್ಲಿ ಯೂಟಾ ರಾಜ್ಯ ಒಂದು ಕಾನೂನನ್ನೇ ಮಾಡಬೇಕಾಯಿತು: ತಿಳಿವಳಿಕೆ ಬಂದ ಮಗು ಒಂಟಿಯಾಗಿ ಶಾಲೆಗೆ ನಡೆದು ಹೋದರೆ, ಹೊರಗೆ ಆಡಿದರೆ ಅದು ಅಪ್ಪ ಅಮ್ಮನ ನಿರ್ಲಕ್ಷ್ಯ ಅಲ್ಲ ಎಂದು. ಇಂಥ ಕಾನೂನು ತಂದ ಮೊದಲ ರಾಜ್ಯ ಅದು. ಮಗು ಪಾರ್ಕಿನಿಂದ ಮನೆಗೆ ನಡೆಯಲು ವಿಧಾನಸಭೆಯ ಮತ ಬೇಕಾದ ಕಾಲ ಎಂಥದು, ಯೋಚಿಸಿ.

ನಡೆಯಲು ಹೆದರಿಕೆ, ಹೋಗೋಣ ಎಂದರೆ ಕಾರು ಬೇಕು. ಅಮೆರಿಕದ ಹೆಚ್ಚಿನ ಬಡಾವಣೆಗಳಲ್ಲಿ ಮನೆಗಳ ನಡುವೆ ಅಂಗಡಿ ತೆರೆಯಲು ಕಾನೂನೇ ಬಿಡುವುದಿಲ್ಲ. ಮನೆಗೊಂದು ವಲಯ, ವ್ಯಾಪಾರಕ್ಕೊಂದು ವಲಯ. ಒಹಾಯೊದ ಯೂಕ್ಲಿಡ್ ಎಂಬ ಊರಿನ ಮೊಕದ್ದಮೆಯಲ್ಲಿ 1926ರಲ್ಲಿ ಸುಪ್ರೀಂ ಕೋರ್ಟ್ ಈ ಪದ್ಧತಿಗೆ ಒಪ್ಪಿಗೆ ಕೊಟ್ಟಾಗಿನಿಂದ ಊರುಗಳು ಹೀಗೇ ಬೆಳೆದಿವೆ. ಬೀದಿ ಕೊನೆಯ ಪುಟ್ಟ ಅಂಗಡಿ, ಅದರ ಮುಂದಿನ ಬೆಂಚು, ಟೀ ಗಾಡಿ, ಇಂಥವು ಅಲ್ಲಿ ಹುಟ್ಟಲು ಜಾಗವೇ ಇಲ್ಲ. ಹಾಲು ಬೇಕೆಂದರೂ ಕಾರು ತೆಗೆಯಬೇಕು. ಮೊದಲು ಹದಿನಾರು ತುಂಬಿದ ಕೂಡಲೇ ಲೈಸೆನ್ಸ್ ಮಾಡಿಸುವುದೇ ಅಲ್ಲಿನ ಮಕ್ಕಳ ದೊಡ್ಡ ಹಬ್ಬವಾಗಿತ್ತು. 1983ರಲ್ಲಿ 16 ವರ್ಷದವರಲ್ಲಿ ಶೇ 46 ಮಂದಿಗೆ ಲೈಸೆನ್ಸ್ ಇತ್ತು. 2014ರಲ್ಲಿ ಶೇ 24.5. ಕಾರಿನ ವಿಮೆ ದುಬಾರಿ, ಲೈಸೆನ್ಸಿನ ನಿಯಮ ಬಿಗಿ, ಜೊತೆಗೆ ಹೋಗುವುದಾದರೂ ಎಲ್ಲಿಗೆ ಎಂಬ ಪ್ರಶ್ನೆ. ಹೀಗೆ ಮನೆಯಲ್ಲೇ ಉಳಿದ ಮಕ್ಕಳ ಕೈಗೆ ಫೋನ್ ಬಂತು. ಈ ಕ್ರಮವನ್ನು ಮರೆಯಬಾರದು. ಹೊರಗಿನ ಬಾಗಿಲುಗಳು ಮೊದಲೇ ಮುಚ್ಚುತ್ತಾ ಬಂದಿದ್ದವು.

ದೊಡ್ಡವರ ಬದುಕೂ ಬೇರೆ ದಾರಿ ಹಿಡಿಯಲಿಲ್ಲ. ಬೇಕಾದದ್ದೆಲ್ಲ ಬಾಗಿಲಿಗೆ ಬರತೊಡಗಿತು. ಪೊಟ್ಟಣಗಳು ಬಾಗಿಲಲ್ಲಿ ಬಿದ್ದಿರುವಾಗ ಕದಿಯುವವರು ಹುಟ್ಟಿಕೊಂಡರು. ಕಳ್ಳರನ್ನು ಹಿಡಿಯಲು ಬೆಲ್ಲಿಗೆ ಕ್ಯಾಮೆರಾ ಬಂತು. ರಿಂಗ್ ಎಂಬ ಆ ಕಂಪನಿಯನ್ನು 2018ರಲ್ಲಿ ಅಮೆಜಾನೇ ಕೊಂಡಿತು. ಈಗ ಪಕ್ಕದ ಮನೆಯವರು ಬೆಲ್ ಒತ್ತಿದರೆ, ಒಳಗಿರುವವರು ಸೋಫಾದ ಮೇಲೇ ಕೂತು ಫೋನಿನಲ್ಲಿ ಮುಖ ನೋಡಿ, ತೆರೆಯಬೇಕೋ ಬೇಡವೋ ಎಂದು ತೀರ್ಮಾನಿಸುತ್ತಾರೆ. ಕಪ್ಪು ಹುಡುಗನೊಬ್ಬ ಯಾರದೋ ಮನೆ ಮುಂದೆ ಎರಡು ನಿಮಿಷ ನಿಂತರೆ ಆ ವಿಡಿಯೊ ಬಡಾವಣೆಯ ಆ್ಯಪ್‌ನಲ್ಲಿ ಓಡಾಡುತ್ತದೆ. ನೆರೆಯವರ ಮೇಲಿನ ನಂಬಿಕೆ ಇದರಿಂದ ಹೆಚ್ಚುವುದು ಹೇಗೆ?

ಚರ್ಚ್ ಒಂದಾದರೂ ಇತ್ತಲ್ಲ? ಸಣ್ಣ ಊರುಗಳಲ್ಲಿ ಚರ್ಚ್ ಎಂದರೆ ದೇವರ ಜೊತೆಗೆ ಭಾನುವಾರದ ಊಟ, ಮಕ್ಕಳ ಕ್ಲಾಸು, ಯಾರಿಗಾದರೂ ಹುಷಾರಿಲ್ಲದಿದ್ದರೆ ಮನೆಗೆ ಬರುವ ಅಡುಗೆ. ಗ್ಯಾಲಪ್ ಎಂಬ ಸಮೀಕ್ಷಾ ಸಂಸ್ಥೆಯ ಲೆಕ್ಕದಲ್ಲಿ 2010ರಲ್ಲಿ ಶೇ 61 ಅಮೆರಿಕನ್ನರು ಯಾವುದಾದರೂ ಚರ್ಚ್, ಸಿನಗಾಗ್ ಅಥವಾ ಮಸೀದಿಯ ಸದಸ್ಯರಾಗಿದ್ದರು. 2020ರಲ್ಲಿ ಶೇ 47. ಗ್ಯಾಲಪ್ ಈ ಪ್ರಶ್ನೆ ಕೇಳಲು ಶುರು ಮಾಡಿ 80 ವರ್ಷಗಳಲ್ಲಿ ಅರ್ಧಕ್ಕಿಂತ ಕೆಳಗಿಳಿದದ್ದು ಅದೇ ಮೊದಲು. ಊರಿನ ಪತ್ರಿಕೆಗಳೂ ಹೋದವು. ಒಹಾಯೊದ ಯಂಗ್ಸ್‌ಟೌನ್‌ನ ದಿ ವಿಂಡಿಕೇಟರ್ 150 ವರ್ಷ ನಡೆದು 2019ರ ಆಗಸ್ಟ್ ಕೊನೆಗೆ ನಿಂತಿತು. ಪಕ್ಕದ ಬೀದಿಯಲ್ಲಿ ಯಾರು ತೀರಿಕೊಂಡರು, ಯಾರ ಮಗ ಪಂದ್ಯ ಗೆದ್ದ ಎಂಬ ಸುದ್ದಿಗೆ ಒಂದು ಆಧಾರ ಕಳಚಿತು.

ಈ ಬದಲಾವಣೆಯನ್ನು ಒಂದೇ ಕೋಣೆಯಲ್ಲಿ ನಿಂತು ನೋಡಬೇಕೆಂದರೆ ಸ್ಟಾರ್‌ಬಕ್ಸ್‌ಗೆ ಹೋಗಬೇಕು. ಮನೆ ಒಂದು, ಕೆಲಸದ ಜಾಗ ಇನ್ನೊಂದು, ಇವೆರಡೂ ಅಲ್ಲದ ಮೂರನೇ ಜಾಗವೊಂದು ಮನುಷ್ಯನಿಗೆ ಬೇಕು ಎಂದು ಸಮಾಜಶಾಸ್ತ್ರಜ್ಞ ರೇ ಓಲ್ಡನ್‌ಬರ್ಗ್ 1980ರ ದಶಕದಲ್ಲೇ ಹೇಳಿದ್ದರು. ಆ ಮೂರನೇ ಜಾಗ ನಾವೇ ಎಂದು ಸ್ಟಾರ್‌ಬಕ್ಸ್ ಹೇಳಿಕೊಂಡು ಬೆಳೆಯಿತು. ಮೆತ್ತನೆ ಕುರ್ಚಿ, ಪ್ಲಗ್ ಪಾಯಿಂಟ್, ವೈಫೈ. ಒಂದು ಕಾಫಿಗೆ ಅರ್ಧ ದಿನ ಕೂರಬಹುದಿತ್ತು. 2014ರ ಕೊನೆಯಲ್ಲಿ ಪೋರ್ಟ್‌ಲ್ಯಾಂಡಿನಲ್ಲಿ ಮೊಬೈಲ್ ಆರ್ಡರ್ ಶುರುವಾಯಿತು, ಮರುವರ್ಷ ಇಡೀ ದೇಶಕ್ಕೆ ಬಂತು. ಈಗ ಅಲ್ಲಿನ ವ್ಯವಹಾರದಲ್ಲಿ ಮೂರನೇ ಒಂದು ಪಾಲಿನಷ್ಟು ಫೋನಿನಲ್ಲೇ ನಡೆಯುತ್ತದೆ. ಬೆಳಗ್ಗೆ ಎಂಟು ಗಂಟೆಗೆ ಹೋದರೆ ಕೌಂಟರಿನ ಒಂದು ಮೂಲೆಯಲ್ಲಿ ಹೆಸರು ಅಂಟಿಸಿದ ಲೋಟಗಳ ಸಾಲು. ಒಬ್ಬೊಬ್ಬರೇ ಬರುತ್ತಾರೆ, ಲೋಟದ ಚೀಟಿ ತಿರುಗಿಸಿ ಹೆಸರು ನೋಡುತ್ತಾರೆ, ಎತ್ತಿಕೊಂಡು ಹೋಗುತ್ತಾರೆ. ಯಾರೂ ಯಾರಿಗೂ ಏನೂ ಹೇಳಬೇಕಿಲ್ಲ. ಕೌಂಟರಿನಲ್ಲಿ ನಿಂತವರು ಕೈ ನಿಲ್ಲಿಸದೆ ದುಡಿಯುತ್ತಿರುತ್ತಾರೆ, ತಲೆ ಎತ್ತಲೂ ಪುರುಸೊತ್ತಿಲ್ಲ. ಕೆಲವು ಮಳಿಗೆಗಳಲ್ಲಿ ಕುರ್ಚಿಗಳನ್ನೇ ತೆಗೆದರು. ಬಂದು ಎತ್ತಿಕೊಂಡು ಹೋಗಲಿಕ್ಕೆಂದೇ ಬೇರೆ ಮಳಿಗೆಗಳನ್ನೂ ತೆರೆದರು.

ಆಮೇಲೆ ವ್ಯಾಪಾರ ಇಳಿಯಿತು. 2024ರ ಸೆಪ್ಟೆಂಬರ್‌ನಲ್ಲಿ ಹೊಸ ಮುಖ್ಯಸ್ಥರಾಗಿ ಬಂದ ಬ್ರಯಾನ್ ನಿಕೋಲ್ ಪಿಂಗಾಣಿ ಕಪ್ಪು ವಾಪಸ್ ತರುತ್ತೇವೆ, ಕೂರಲು ಕುರ್ಚಿ ಹಾಕುತ್ತೇವೆ, ಲೋಟದ ಮೇಲೆ ಕೈಯಲ್ಲೇ ಹೆಸರು ಬರೆಯುತ್ತೇವೆ ಎಂದರು. ಎತ್ತಿಕೊಂಡು ಹೋಗುವ ಮಳಿಗೆಗಳನ್ನು ನಿಲ್ಲಿಸುವುದಾಗಿ 2025ರಲ್ಲಿ ಹೇಳಿದರು. ಆದರೆ ಅದೇ ವರ್ಷದ ಜನವರಿಯಲ್ಲಿ ಇನ್ನೊಂದು ನಿಯಮವೂ ಬಂತು: ಏನಾದರೂ ಕೊಂಡವರಿಗೆ ಮಾತ್ರ ಕೂರಲು ಅವಕಾಶ. 2018ರಲ್ಲಿ ಫಿಲಡೆಲ್ಫಿಯಾದ ಮಳಿಗೆಯಲ್ಲಿ ಏನೂ ಕೊಳ್ಳದೆ ವ್ಯವಹಾರದ ಮಾತುಕತೆಗೆ ಬರಬೇಕಿದ್ದವರಿಗಾಗಿ ಕಾಯುತ್ತಿದ್ದ ಇಬ್ಬರು ಕಪ್ಪು ಯುವಕರನ್ನು ಪೊಲೀಸರು ಬೇಡಿ ಹಾಕಿ ಕರೆದೊಯ್ದಿದ್ದರು. ಆ ಅವಮಾನದ ನಂತರ ಯಾರು ಬೇಕಾದರೂ ಕೂರಬಹುದು ಎಂದಿದ್ದ ಕಂಪನಿ ಈಗ ಆ ಮಾತನ್ನು ಹಿಂತೆಗೆದುಕೊಂಡಿದೆ. ಕೂರುವ ಜಾಗಕ್ಕೆ ಕಂಪನಿಗಳನ್ನೇ ನಂಬಿಕೊಂಡರೆ ಏನಾಗುತ್ತದೆ ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ.

ಈ ಎಲ್ಲದರ ಪರಿಣಾಮವನ್ನು ದೇಶದ ಮುಂದೆ ಗಟ್ಟಿಯಾಗಿ ಇಟ್ಟವರು ಕನ್ನಡದ ಮನೆತನದವರು. ಅಮೆರಿಕದ ಸರ್ಜನ್ ಜನರಲ್ (ಜನರ ಆರೋಗ್ಯದ ಬಗ್ಗೆ ಸರ್ಕಾರದ ಪರ ಮಾತಾಡುವ ಮುಖ್ಯ ವೈದ್ಯ) ಆಗಿದ್ದ ಡಾ. ವಿವೇಕ್ ಮೂರ್ತಿ ಅವರ ಮೂಲ ಮಂಡ್ಯ ಜಿಲ್ಲೆಯ ಹಲ್ಲೆಗೆರೆ. 2014ರ ಕೊನೆಯಲ್ಲಿ ಮೊದಲ ಸಲ ಆ ಹುದ್ದೆಗೆ ಬಂದಾಗ ಅವರು ಊರೂರು ಸುತ್ತಿ ಜನರ ಮಾತು ಕೇಳಿದರು. ಅದಕ್ಕೂ ಮುಂಚೆ ಒಂಟಿತನವನ್ನು ಆರೋಗ್ಯದ ಸಮಸ್ಯೆ ಎಂದು ತಾವು ಅಂದುಕೊಂಡಿರಲಿಲ್ಲ ಎಂದು ಅವರೇ ಬರೆದಿದ್ದಾರೆ. 2023ರ ಮೇ ತಿಂಗಳಲ್ಲಿ ಒಂಟಿತನದ ಬಗ್ಗೆ ಅವರ ಎಚ್ಚರಿಕೆ ವರದಿ ಬಂತು. ಗೆಳೆಯರ ಜೊತೆ ಎದುರೆದುರು ಕಳೆಯುವ ಸಮಯ 2003ರಲ್ಲಿ ದಿನಕ್ಕೆ 60 ನಿಮಿಷ ಇದ್ದದ್ದು 2020ರಲ್ಲಿ 20 ನಿಮಿಷಕ್ಕೆ ಬಂದಿತ್ತು. 2020 ಕೋವಿಡ್ ವರ್ಷ, ನಿಜ. ಆದರೆ ಜನ ಒಬ್ಬರೇ ಕಳೆಯುವ ಸಮಯ ಕೋವಿಡ್‌ಗೆ ಮೊದಲೇ ಏರುತ್ತಾ ಬಂದಿತ್ತು: 2003ರಲ್ಲಿ ದಿನಕ್ಕೆ 285 ನಿಮಿಷ, 2019ರಲ್ಲಿ 309. ಹೈಸ್ಕೂಲು ಮಕ್ಕಳ ಲೆಕ್ಕವೂ ಹಾಗೇ. ವಾರಗಟ್ಟಲೆ ಬೇಸರ, ಹತಾಶೆ ಕಾಡಿತು ಎಂದವರು 2011ರಲ್ಲಿ ಶೇ 28, 2019ರಲ್ಲಿ ಶೇ 37, 2021ರಲ್ಲಿ ಶೇ 42.

ಇದರಲ್ಲಿ ಫೋನಿನ ಪಾಲು ಎಷ್ಟು ಎಂಬ ಬಗ್ಗೆ ಸಂಶೋಧಕರಲ್ಲಿ ಇನ್ನೂ ಒಮ್ಮತ ಇಲ್ಲ. ಫೋನ್ ಕೊಟ್ಟದ್ದೂ ಇದೆ, ಅದನ್ನು ಹೇಳದಿದ್ದರೆ ಅನ್ಯಾಯ. ಸಣ್ಣ ಊರಿನ ಒಬ್ಬ ಸಲಿಂಗಿ ಹುಡುಗನಿಗೆ ತನ್ನಂಥವರು ಇದ್ದಾರೆ ಎಂದು ತೋರಿಸಿದ್ದು ಇದೇ ಪರದೆ. ಸಲಿಂಗ ಮದುವೆಗೆ ಬೆಂಬಲ 2010ರಲ್ಲಿ ಶೇ 44 ಇದ್ದದ್ದು 2019ಕ್ಕೆ ಶೇ 63 ಆಯಿತು. ನಡುವೆ 2015ರ ಜೂನ್ 26ರಂದು ಇಡೀ ದೇಶದಲ್ಲಿ ಅಂಥ ಮದುವೆಗೆ ಮಾನ್ಯತೆ ಕೊಟ್ಟ ಸುಪ್ರೀಂ ಕೋರ್ಟ್ ತೀರ್ಪು ಬಂತು. ಪೊಲೀಸರ ದೌರ್ಜನ್ಯವನ್ನು ಬೀದಿಯಲ್ಲಿದ್ದವರೇ ಚಿತ್ರ ಹಿಡಿದು ಜಗತ್ತಿಗೆ ತೋರಿಸಿದ್ದು ಇದೇ ಫೋನಿನಲ್ಲಿ. ಮದುವೆ, ಪ್ರೀತಿಯ ವಿಷಯದಲ್ಲೂ 2017ರಲ್ಲಿ ಶುರುವಾದ ಗಂಡು–ಹೆಣ್ಣು ಜೋಡಿಗಳಲ್ಲಿ ಶೇ 39 ಪರಿಚಯವಾದದ್ದು ಆನ್‌ಲೈನಿನಲ್ಲಿ. ಅವರಲ್ಲಿ ಎಷ್ಟೋ ಜನ ಸುಖವಾಗಿದ್ದಾರೆ. ಆದರೆ ಪರಿಚಯ ಮಾಡಿಸುತ್ತಿದ್ದ ಗೆಳತಿಯೋ, ಚಿಕ್ಕಮ್ಮನೋ ಆ ಕಥೆಯಿಂದ ಹೊರಗೆ ಹೋದರು. ಹೊಸ ಜೋಡಿಯ ಮೇಲೆ ಕಣ್ಣಿಟ್ಟು, ಜಗಳವಾದರೆ ಇಬ್ಬರಿಗೂ ಬುದ್ಧಿ ಹೇಳುವವರು ಒಬ್ಬರು ಕಮ್ಮಿಯಾದರು.

ಅಲ್ಲಿನ ಕನ್ನಡಿಗರು ಇದನ್ನು ತಮ್ಮ ಹಾಗೆ ಎದುರಿಸಿದ್ದಾರೆ. ಯುಗಾದಿ, ಗಣೇಶನ ಹಬ್ಬ, ರಾಜ್ಯೋತ್ಸವಕ್ಕೆ ಕನ್ನಡ ಕೂಟದವರು ಶಾಲೆಯ ಸಭಾಂಗಣವನ್ನೋ ದೇವಸ್ಥಾನದ ಹಾಲನ್ನೋ ಬಾಡಿಗೆ ಹಿಡಿಯುತ್ತಾರೆ. ವಾರಾಂತ್ಯದಲ್ಲಿ ಮಕ್ಕಳಿಗೆ ಕನ್ನಡ ಕ್ಲಾಸು ನಡೆಯುತ್ತದೆ. ಮಕ್ಕಳು ಒಳಗೆ ಅ ಆ ಇ ಈ ತಿದ್ದುವಾಗ ಹೊರಗೆ ಕಾಯುವ ಅಪ್ಪ ಅಮ್ಮಂದಿರ ಹರಟೆ ಇದೆಯಲ್ಲ, ಅದೂ ಆ ಕ್ಲಾಸಿನಷ್ಟೇ ಮುಖ್ಯ. ಇವನ್ನೆಲ್ಲ ನಡೆಸುವುದು ಸ್ವಂತ ಸಮಯ ಕೊಟ್ಟು ದುಡಿಯುವವರು. ಆದರೆ ಇದಕ್ಕೂ ಕಾರು ಬೇಕು, ಬಿಡುವು ಬೇಕು, ಹಾಲಿನ ಬಾಡಿಗೆಗೆ ದುಡ್ಡು ಬೇಕು. ಇದು ಎಲ್ಲ ಹುಡುಗರ ಸಂಜೆಯನ್ನು ತುಂಬಲಾರದು.

ಆ ದೇಶದಲ್ಲಿ ದುಡ್ಡು ಕೇಳದೆ, ವಯಸ್ಸು ಕೇಳದೆ, ಏನೂ ಕೊಳ್ಳದೆ ಕೂರಲು ಬಿಡುವ ಜಾಗ ಇವತ್ತಿಗೂ ಒಂದು ಉಳಿದಿದೆ. ಅದು ಊರಿನ ಲೈಬ್ರರಿ. 2019ರ ಗ್ಯಾಲಪ್ ಸಮೀಕ್ಷೆಯಲ್ಲಿ ಅಮೆರಿಕನ್ನರು ವರ್ಷಕ್ಕೆ ಸರಾಸರಿ 10.5 ಸಲ ಲೈಬ್ರರಿಗೆ, 5.3 ಸಲ ಸಿನಿಮಾಕ್ಕೆ ಹೋಗಿದ್ದರು. ಶಿಕಾಗೊ ನಗರ 2019ರಲ್ಲಿ ತಡವಾಗಿ ತಂದ ಪುಸ್ತಕದ ದಂಡವನ್ನೇ ತೆಗೆದುಹಾಕಿತು, ನ್ಯೂಯಾರ್ಕ್ 2021ರಲ್ಲಿ. ಬಡವರ ಮಕ್ಕಳು ದಂಡಕ್ಕೆ ಹೆದರಿ ಲೈಬ್ರರಿಯನ್ನೇ ಬಿಡುತ್ತಿದ್ದರು. ಶಾಲೆ ಬಿಟ್ಟ ಮೇಲೆ ಸಂಜೆ ಏಳೆಂಟರವರೆಗೆ ಮಕ್ಕಳು ಕೂತು ಹೋಮ್‌ವರ್ಕ್ ಮಾಡುವ, ಚೆಸ್ ಆಡುವ, ಗೆಳೆಯರ ಜೊತೆ ಪಿಸುಗುಡುವ ಜಾಗ ಅದು. ಭಾನುವಾರ ತೆರೆಯಲು, ಸಂಜೆ ಇನ್ನೆರಡು ಗಂಟೆ ದೀಪ ಹಾಕಿಡಲು ಬೇಕಾದ ಸಂಬಳದ ದುಡ್ಡು ಎಷ್ಟೋ ಊರುಗಳಲ್ಲಿ ಇಲ್ಲ.

ಮೂರ್ತಿ ಅವರ ವರದಿ ಮಾಡಬೇಕಾದ ಕೆಲಸಗಳನ್ನು ಆರು ಭಾಗ ಮಾಡಿತ್ತು. ಮೊದಲನೆಯದೇ ಊರಿನಲ್ಲಿ ಜನ ಸೇರುವ ಜಾಗ ಮತ್ತು ವ್ಯವಸ್ಥೆಗಳನ್ನು ಗಟ್ಟಿ ಮಾಡುವುದು: ಲೈಬ್ರರಿ, ಪಾರ್ಕು, ಬಸ್ಸು, ಊರಿನ ಸಂಘಗಳು. ಫೋನಿಗೆ ಕಡಿವಾಣ ಹಾಕುವುದು ಸುಲಭ, ಖರ್ಚೂ ಕಮ್ಮಿ. ಅದಕ್ಕೇ ಅದು ಬೇಗ ಆಯಿತು ಎಂದು ನನಗೆ ಅನ್ನಿಸುತ್ತದೆ. ಮೊದಲನೆಯ ಕೆಲಸಕ್ಕೆ ತೆರಿಗೆ ದುಡ್ಡು ಬೇಕು, ಬಡಾವಣೆಯ ಕಾನೂನು ತಿದ್ದಬೇಕು, ಹುಡುಗರ ಗದ್ದಲವನ್ನು ಊರು ಸಹಿಸಿಕೊಳ್ಳಬೇಕು. ರಾಜ್ಯದ ಮೇಲೆ ರಾಜ್ಯ ಶಾಲೆಯ ಫೋನಿಗೆ ಬೀಗ ಹಾಕುತ್ತಿದ್ದ 2025ರಲ್ಲೇ, ಮಾರ್ಚ್ 14ರಂದು, ಲೈಬ್ರರಿಗಳಿಗೆ ಕೇಂದ್ರದ ನೆರವು ಹಂಚುವ ಸಂಸ್ಥೆಯನ್ನು ಕಾನೂನು ಬಿಟ್ಟಷ್ಟೂ ಕುಗ್ಗಿಸಬೇಕು ಎಂದು ಅಧ್ಯಕ್ಷ ಟ್ರಂಪ್ ಆದೇಶ ಹೊರಡಿಸಿದರು. ರಾಜ್ಯಗಳು ಕೋರ್ಟಿಗೆ ಹೋಗಿ ಆ ದುಡ್ಡಿಗಾಗಿ ಹೋರಾಡಬೇಕಾಯಿತು.